ಬ್ಲೂಬೆಲ್ ನೋಡಲು ಎಲ್ಲಿಗೆ ಹೋಗಬೇಕು? ಕಾರಿಲ್ಲ, ಜೊತೆಗೆ ಆರು ವರ್ಷದ ಮಗಳು

ರೀಡಿಂಗ್ ಹೊಸಬ · 9 ಏಪ್ರಿಲ್ 2024

ಎಲ್ಲರಿಗೂ ನಮಸ್ಕಾರ. ಹೋದ ನವೆಂಬರ್‌ನಲ್ಲಿ ಇಂಗ್ಲೆಂಡಿನ ರೀಡಿಂಗ್ ಊರಿಗೆ ಬಂದೆವು. ಬಂದಾಗಿನಿಂದ ನೋಡಿದ್ದು ಮಳೆ, ಕತ್ತಲು, ಸೂಪರ್‌ಮಾರ್ಕೆಟ್, ಅಷ್ಟೇ. ಈಗ ಆಫೀಸಿನಲ್ಲಿ ಯಾರನ್ನು ಮಾತಾಡಿಸಿದರೂ "ಬ್ಲೂಬೆಲ್ ನೋಡಿದ್ರಾ?" ಅಂತಾರೆ. ಕಾಡಿನ ಹೂವಂತೆ. ಫೋಟೋ ನೋಡಿದೆ. ನಾಟಿಗೆ ಮುಂಚೆ ಗದ್ದೆಗೆ ನೀರು ಬಿಟ್ಟ ಹಾಗೆ ಮರಗಳ ಬುಡದಲ್ಲೆಲ್ಲ ನೀಲಿ ನಿಂತಿದೆ.

ನನ್ನ ಪ್ರಶ್ನೆ ಪೆದ್ದು ಅನ್ನಿಸಬಹುದು. ಇಲ್ಲಿ ಕಾಡಿಗೆ ಹೋಗೋದು ಹೇಗೆ? ಗೇಟು, ಟಿಕೆಟು, ಅರಣ್ಯ ಇಲಾಖೆ ಪರ್ಮಿಷನ್ ಏನಾದರೂ ಬೇಕಾ? ನಕ್ಷೆಯಲ್ಲಿ ಹಸಿರು ಕಂಡ ಕಡೆ ಸುಮ್ನೆ ನಡೆದುಕೊಂಡು ಹೋಗಬಹುದಾ? ಹಾವು ಇದೆಯಾ? ರೈಲಿನಲ್ಲಿ ಹೋಗಿಬರುವಂಥ ಜಾಗ ಹೇಳಿ.

ಕೆಂಟ್ ಕಾಲ್ನಡಿಗೆ · 9 ಏಪ್ರಿಲ್ 2024

ಪೆದ್ದು ಪ್ರಶ್ನೆ ಏನಲ್ಲ. ನಾನು ಬಂದ ಹೊಸದರಲ್ಲಿ ಎರಡು ವರ್ಷ ಯಾರನ್ನೂ ಕೇಳದೆ ಪಾರ್ಕಿನಲ್ಲೇ ಸುತ್ತಿದ್ದೆ.

ಟಿಕೆಟ್ ಇಟ್ಟಿರುವ ಎಸ್ಟೇಟ್‌ಗಳು ಕೆಲವು ಇವೆ. ಉಳಿದ ಕಡೆ ಗೇಟ್ ಇಲ್ಲ, ಗಾರ್ಡ್ ಇಲ್ಲ. ಇಲ್ಲಿನ ಬಹಳಷ್ಟು ಕಾಡು ಯಾರದ್ದೋ ಸ್ವಂತ ಜಮೀನು. ಆದರೆ ಅದರ ನಡುವೆ ಸಾರ್ವಜನಿಕ ಕಾಲುದಾರಿ ಇದ್ದರೆ ಅಲ್ಲಿ ನಡೆಯುವ ಹಕ್ಕು ನಿಮಗಿದೆ. ಮಾಲೀಕ ತಡೆಯುವ ಹಾಗಿಲ್ಲ. ಇಂಗ್ಲೆಂಡ್ ಮತ್ತು ವೇಲ್ಸ್ ಎರಡೂ ಸೇರಿ ಇಂಥ ದಾರಿಗಳು ಸುಮಾರು 2,25,000 ಕಿಲೋಮೀಟರ್ ಇವೆ. ಗೋಧಿ ಹೊಲದ ಮಧ್ಯೆ, ಚರ್ಚಿನ ಸಮಾಧಿಗಳ ಪಕ್ಕ, ಕೆಲವು ಸಲ ರೈತನ ಮನೆ ಅಂಗಳದಲ್ಲೇ ಹಾದುಹೋಗುತ್ತವೆ. ಅವನು ಟೀ ಕುಡಿಯುತ್ತಾ ಕಿಟಕಿಯಿಂದ ನೋಡುತ್ತಿರುತ್ತಾನೆ. ಇಪ್ಪತ್ತು ವರ್ಷ ಆಯಿತು, ನನಗೆ ಇನ್ನೂ ಮುಜುಗರ ಹೋಗಿಲ್ಲ.

ಕಂಬದ ಮೇಲೆ ಹಳದಿ ಬಾಣ ಇದ್ದರೆ ನಡೆಯುವವರಿಗೆ. ನೀಲಿ ಬಾಣ ಇದ್ದರೆ ಕುದುರೆ, ಸೈಕಲ್‌ಗೂ ಸರಿ. ದಾರಿ ಬಿಟ್ಟರೆ ಹಕ್ಕೂ ಬಿಟ್ಟಿತು, ಅದು ನೆನಪಿರಲಿ. ಇಲ್ಲಿನ ಸರ್ಕಾರಿ ನಕ್ಷೆ ಸಂಸ್ಥೆ ಆರ್ಡ್‌ನೆನ್ಸ್ ಸರ್ವೆಯ ಕಿತ್ತಳೆ ಹೊದಿಕೆಯ ಎಕ್ಸ್‌ಪ್ಲೋರರ್ ನಕ್ಷೆ ತೆಗೆದುಕೊಳ್ಳಿ. ಅದರಲ್ಲಿ ಈ ದಾರಿಗಳೆಲ್ಲ ಹಸಿರು ತುಂಡುಗೆರೆಗಳಲ್ಲಿ ಇರುತ್ತವೆ. ಫೋನ್ ನಂಬಬೇಡಿ. ಕಣಿವೆಗೆ ಇಳಿದ ತಕ್ಷಣ ಸಿಗ್ನಲ್ ಹೋಗುತ್ತದೆ.

ನಿಮಗೆ ಹತ್ತಿರದ್ದು ಮೂರ್ ಕಾಪ್ಸ್. ರೀಡಿಂಗ್‌ನಿಂದ ರೈಲಿನಲ್ಲಿ ಪ್ಯಾಂಗ್‌ಬೋರ್ನ್, ಅಲ್ಲಿಂದ ಅರ್ಧ ಗಂಟೆಗೂ ಸ್ವಲ್ಪ ಜಾಸ್ತಿ ನಡಿಗೆ. ಪ್ಯಾಂಗ್ ಅನ್ನೋ ಪುಟ್ಟ ನದಿಯ ದಂಡೆಯ ಕಾಡು. ಈ ಸಲದ ಮಳೆಗೆ ಕೆಸರು ಮಂಡಿವರೆಗೆ ಇರಬಹುದು. ಮಗಳಿಗೆ ರಬ್ಬರ್ ಬೂಟು ಹಾಕಿಸಿ, ಇನ್ನೊಂದು ಜೊತೆ ಸಾಕ್ಸ್ ಚೀಲದಲ್ಲಿರಲಿ. ಹೋಗುವುದಾದರೆ ಈ ತಿಂಗಳ ಒಳಗೇ ಹೋಗಿ.

ಹಾವು: ವಿಷದ್ದು ಒಂದೇ, ಆಡರ್. ನಿಮ್ಮ ಕಾಲಿನ ಸದ್ದಿಗೇ ಸರಿದು ಹೋಗುತ್ತದೆ.

ಸಿದ್ದಾಪುರದ ಸೊಪ್ಪು · 10 ಏಪ್ರಿಲ್ 2024

ಹಾವಿಗಿಂತ ಉಣ್ಣೆ ಹುಳಕ್ಕೆ ಹೆದರಿ. ನಮ್ಮ ಕಡೆ ಮಂಗನ ಕಾಯಿಲೆ ತರುವ ಉಣ್ಣೆ ಗೊತ್ತಲ್ಲ, ಅದರ ಸಂಬಂಧಿಯೇ ಇಲ್ಲೂ ಇದೆ. ಇದರಿಂದ ಬರುವುದು ಲೈಮ್ ಕಾಯಿಲೆ. ಪ್ಯಾಂಟನ್ನು ಸಾಕ್ಸ್ ಒಳಗೆ ಸಿಕ್ಕಿಸಿ. ನೋಡೋಕೆ ಚೆನ್ನಾಗಿರಲ್ಲ, ಇರಲಿ. ಮನೆಗೆ ಬಂದ ಮೇಲೆ ಮಗಳ ಮಂಡಿಯ ಹಿಂದೆ, ಕಿವಿಯ ಹಿಂದೆ, ಕೂದಲ ಬುಡದಲ್ಲಿ ನೋಡಿ. ಕಚ್ಚಿಕೊಂಡಿದ್ದರೆ ಮೊನಚು ಚಿಮುಟದಲ್ಲಿ ಚರ್ಮಕ್ಕೆ ತಾಗಿಸಿ ಹಿಡಿದು ನೇರ ಮೇಲಕ್ಕೆ ಎಳೆಯಿರಿ. ಮುಂದಿನ ವಾರಗಳಲ್ಲಿ ಚರ್ಮದ ಮೇಲೆ ವೃತ್ತದ ಹಾಗೆ ಕೆಂಪಗೆ ಹರಡಿದರೆ ಡಾಕ್ಟರ್ ಹತ್ತಿರ ಹೋಗಿ.

ಮತ್ತೆ ಗೇಟಿನ ವಿಷಯ. ಊರಲ್ಲಿ ತೋಟದ ದಣಪೆಗೆ ಏನು ನಿಯಮವೋ ಇಲ್ಲೂ ಅದೇ. ಮುಚ್ಚಿದ್ದರೆ ದಾಟಿ ಮುಚ್ಚಿ, ತೆರೆದಿದ್ದರೆ ತೆರೆದೇ ಬಿಡಿ. ಕರು ಜೊತೆಗಿರುವ ಹಸುಗಳ ನಡುವೆ ಹೋಗಬೇಡಿ. ಇಲ್ಲಿನ ದನ ನಮ್ಮ ಕೊಟ್ಟಿಗೆಯ ದನದ ಹಾಗೆ ಅಂದುಕೊಂಡರೆ ಕೆಟ್ಟಿರಿ, ಅದರಲ್ಲೂ ಜೊತೆಗೆ ನಾಯಿ ಇದ್ದರೆ.

ಆಗುಂಬೆ ಮಳೆ · 10 ಏಪ್ರಿಲ್ 2024

ಯಾರೂ ಬೈಯಬೇಡಿ. ಇವರು "ವುಡ್" ಅನ್ನುವುದಕ್ಕೆ "ಕಾಡು" ಅನ್ನೋಕೆ ನನಗೆ ಎಂಟು ವರ್ಷದಿಂದ ಬಾಯಿ ಬಂದಿಲ್ಲ. ಹತ್ತು ನಿಮಿಷ ನಡೆದರೆ ಆಚೆ ಕಡೆಯ ಹೊಲ ಕಾಣುತ್ತದೆ. ಮೋಟರ್‌ವೇ ಸದ್ದು ಕೇಳುತ್ತದೆ. ದಾರಿ ತಪ್ಪಬೇಕು ಅಂದರೂ ತಪ್ಪಲ್ಲ. ಇಡೀ ಬ್ರಿಟನ್ನಿನ ನೆಲದಲ್ಲಿ ಮರ ಇರುವುದು ಶೇಕಡಾ 13ರಷ್ಟು. ಅದರಲ್ಲೂ ಮರದ ಮಿಲ್ಲಿಗಂತ ಸಾಲಾಗಿ ನೆಟ್ಟ ಸಿಟ್ಕಾ ಸ್ಪ್ರೂಸ್ ಎಷ್ಟೋ. ಇದು ತೋಪು ಸ್ವಾಮಿ. ಚೆಂದದ ತೋಪು, ಅಷ್ಟನ್ನು ಒಪ್ಪುತ್ತೇನೆ.

ಬಾಟನಿ ಮೇಡಂ · 11 ಏಪ್ರಿಲ್ 2024

ತೋಪು ಅಂದರೆ ನೆಟ್ಟದ್ದು. ಇಲ್ಲಿ ನೆಡದೇ ಇರುವುದೂ ಉಳಿದಿದೆ, ಅದನ್ನು ಗುರುತಿಸಲು ಬರಬೇಕು.

ಇಂಗ್ಲೆಂಡ್, ವೇಲ್ಸ್‌ನಲ್ಲಿ 1600ರಿಂದ ಇಲ್ಲಿವರೆಗೆ ಬಿಡದೆ ಕಾಡಾಗಿಯೇ ಉಳಿದ ಜಾಗಕ್ಕೆ "ಏನ್ಶಿಯಂಟ್ ವುಡ್‌ಲ್ಯಾಂಡ್" ಅನ್ನುತ್ತಾರೆ. ಸ್ಕಾಟ್ಲೆಂಡ್‌ಗೆ ಆ ಗೆರೆ 1750. ಯಾಕೆ 1600? ಅದಕ್ಕೂ ಮೊದಲು ಕಾಡು ನೆಡುವ ಪದ್ಧತಿ ಬಹಳ ಕಡಿಮೆ. ಆಗಲೇ ಕಾಡಾಗಿದ್ದ ಜಾಗ ತಾನಾಗಿ ಬೆಳೆದದ್ದೇ ಇರಬೇಕು ಅನ್ನುವ ಲೆಕ್ಕ. ಇಂಥ ಕಾಡು ಇಡೀ ಬ್ರಿಟನ್ನಿನ ನೆಲದಲ್ಲಿ ಶೇಕಡಾ 2.5ರಷ್ಟು ಮಾತ್ರ.

ಗುರುತಿಸೋದು ಹೇಗೆ ಅಂದರೆ, ಮರ ನೋಡಬೇಡಿ, ನೆಲ ನೋಡಿ. ವುಡ್ ಅನಿಮೋನಿ ಅಂತ ಒಂದು ಬಿಳಿ ಹೂ ಇದೆ. ಮಾರ್ಚ್, ಏಪ್ರಿಲ್‌ನಲ್ಲಿ ಬಿಸಿಲು ಬಂದರೆ ಅರಳುತ್ತದೆ, ಮೋಡ ಕವಿದರೆ ಮುದುಡುತ್ತದೆ. ಇದರ ಬೀಜದಿಂದ ಗಿಡ ಆಗುವುದು ಅಪರೂಪ. ನೆಲದೊಳಗಿನ ಗೆಡ್ಡೆಬೇರಿನಿಂದ ಹಬ್ಬುತ್ತದೆ. ಅದೂ ನೂರು ವರ್ಷಕ್ಕೆ ಸುಮಾರು ಆರು ಅಡಿ. ನಿಮ್ಮ ಕಾಲಬುಡದಿಂದ ಅರವತ್ತು ಅಡಿ ಹಬ್ಬಿದ್ದು ಕಂಡರೆ ನೀವೇ ಲೆಕ್ಕ ಹಾಕಿ.

ಬ್ಲೂಬೆಲ್ ಕೂಡ ಇಂಥದ್ದೇ ಸಾಕ್ಷಿ. ಜಗತ್ತಿನ ಬ್ಲೂಬೆಲ್‌ಗಳಲ್ಲಿ ಹತ್ತಿರ ಹತ್ತಿರ ಅರ್ಧ ಇರುವುದು ಈ ದ್ವೀಪಗಳಲ್ಲಿ. ಅದರ ಬದುಕೆಲ್ಲ ಬಿಸಿಲಿನ ಲೆಕ್ಕಾಚಾರ. ಮರಗಳು ಬೋಳಾಗಿರುವಾಗಲೇ ಎಲೆ ಮೇಲೆ ಬರುತ್ತದೆ. ಓಕ್, ಬೀಚ್ ಮರಗಳು ಎಲೆ ತುಂಬಿಕೊಂಡು ನೆಲ ಕತ್ತಲಾಗುವ ಮೊದಲೇ ಹೂ ಬಿಟ್ಟು, ಗೆಡ್ಡೆಗೆ ಊಟ ಕೂಡಿಟ್ಟು ಮುಗಿಸುತ್ತದೆ. ಜೂನ್‌ನಲ್ಲಿ ಅದೇ ಜಾಗಕ್ಕೆ ಹೋದರೆ ಹುಲ್ಲಿನ ಬಣ್ಣದ ಒಣ ಕಡ್ಡಿಗಳಷ್ಟೇ. ಬೀಜ ಬಿದ್ದು ಹೂ ಬರಲು ಐದು ವರ್ಷವಾದರೂ ಬೇಕು.

ಹೊಸಬರಿಗೆ ಒಂದು ಕೆಲಸ. ಮನೆಯ ಹಿಂದಿನ ಓಣಿಯಲ್ಲಿ ಕಾಣುವುದು ಹೆಚ್ಚಾಗಿ ಸ್ಪೇನ್ ಜಾತಿ, ಅಥವಾ ಎರಡರ ಬೆರಕೆ. ಅದು ನೆಟ್ಟಗೆ ನಿಲ್ಲುತ್ತದೆ, ಗಂಟೆಗಳು ಸುತ್ತಲೂ ಇರುತ್ತವೆ, ವಾಸನೆ ಇಲ್ಲವೆನ್ನುವಷ್ಟು ಕಡಿಮೆ. ಇಲ್ಲಿಯದು ತಲೆ ಬಾಗಿಸುತ್ತದೆ, ಗಂಟೆಗಳೆಲ್ಲ ಒಂದೇ ಕಡೆ ಜೋತುಬೀಳುತ್ತವೆ. ಪರಾಗ ನೋಡಿ, ಕೆನೆಬಣ್ಣ ಇದ್ದರೆ ಇಲ್ಲಿಯದು, ನೀಲಿ ಇದ್ದರೆ ಸ್ಪೇನಿನದು.

ಸಿದ್ದಾಪುರದ ಸೊಪ್ಪು · 11 ಏಪ್ರಿಲ್ 2024

ಆಗುಂಬೆ ಅಣ್ಣನಿಗೆ ನನ್ನದೂ ಒಂದು ಉತ್ತರ. ಇಲ್ಲಿನ ಕಾಡು ನನಗೆ ಅರ್ಥವಾಗಿದ್ದು ನಮ್ಮ ಸೊಪ್ಪಿನ ಬೆಟ್ಟ ನೆನಪಾದ ಮೇಲೆ. ಅಡಿಕೆ ತೋಟಕ್ಕೆ, ಕೊಟ್ಟಿಗೆಗೆ ಅಂತ ಬೆಟ್ಟದ ಮರಗಳ ಸೊಪ್ಪು ಕಡಿಯುತ್ತೇವೆ, ಮರ ಕಡಿಯಲ್ಲ. ತಲೆತಲಾಂತರದಿಂದ ಹಾಗೇ ನಡೆದಿದೆ. ಅದನ್ನು ಕಾಡಲ್ಲ ಅನ್ನುತ್ತೀರಾ?

ಇಲ್ಲಿ ಅದಕ್ಕೆ ಎರಡು ಕ್ರಮ. ಹೇಝೆಲ್ ಗಿಡವನ್ನು ಬುಡಕ್ಕೇ ಕಡಿದು ಮತ್ತೆ ಚಿಗುರಲು ಬಿಡುವುದು "ಕಾಪಿಸ್". ದನ ಮೇಯುವ ಕಡೆ ಚಿಗುರು ಉಳಿಯಲ್ಲ, ಹಾಗಾಗಿ ಆಳೆತ್ತರಕ್ಕಿಂತ ಮೇಲೆ ಕಡಿಯುವುದು "ಪೊಲಾರ್ಡ್". ಸಫೋಕ್‌ನ ಬ್ರಾಡ್‌ಫೀಲ್ಡ್ ವುಡ್ಸ್‌ನಲ್ಲಿ 1252ರಿಂದ ಕಾಪಿಸ್ ನಡೆದುಕೊಂಡು ಬಂದಿದೆ. ಒಂದು ಪಟ್ಟಿ ಕಡಿದ ಮುಂದಿನ ಎರಡು ಮೂರು ವಸಂತ ಅಲ್ಲಿ ಬೆಳಕು ಬಿದ್ದು ಪ್ರಿಮ್‌ರೋಸ್, ವಯೊಲೆಟ್, ಅನಿಮೋನಿ ಉಕ್ಕುತ್ತವೆ. ಆಮೇಲೆ ಹೇಝೆಲ್ ಎತ್ತರ ಆಗಿ ಮತ್ತೆ ನೆರಳು. ಕೊಡಲಿ ನಿಂತ ಕಾಡುಗಳಲ್ಲಿ ಹೂವೂ ಕಡಿಮೆ ಆಗಿದೆ.

ಪೊಲಾರ್ಡ್ ನೋಡಬೇಕಾದರೆ ಸ್ಲೌ ಹತ್ತಿರದ ಬರ್ನಮ್ ಬೀಚಸ್‌ಗೆ ಬನ್ನಿ, ನಮ್ಮ ಮನೆ ಹತ್ತಿರವೇ. ಲಂಡನ್ ನಗರಸಭೆ 1880ರಲ್ಲಿ ಕೊಂಡು ಉಳಿಸಿದ ಕಾಡು. ಕೆಲವು ಬೀಚ್ ಮರಗಳಿಗೆ ನಾನೂರು ವರ್ಷದ ಮೇಲಾಗಿದೆ. ಒಳಗೆ ಪೂರ್ತಿ ಟೊಳ್ಳು, ಮೇಲೆ ಎಳೆ ಎಲೆ.

ಇನ್ನು ನನ್ನ ಇಷ್ಟದ ವಿಷಯ. ಈಗ ಕಾಡಿನ ತೇವದ ಕಡೆ ಹೋದರೆ ಬೆಳ್ಳುಳ್ಳಿ ಒಗ್ಗರಣೆ ಹಾಕಿದ ವಾಸನೆ ಬರುತ್ತದೆ. ಅದು ಕಾಡು ಬೆಳ್ಳುಳ್ಳಿ, ಇಲ್ಲಿನವರು ರ್‍ಯಾಮ್‌ಸನ್ಸ್ ಅಂತಾರೆ. ಏಳೆಂಟು ಎಲೆ ತುಪ್ಪದಲ್ಲಿ ಜೀರಿಗೆ, ಕಾಳುಮೆಣಸಿನ ಜೊತೆ ಬಾಡಿಸಿ, ಕಾಯಿ ಹಾಕಿ ರುಬ್ಬಿ, ಮಜ್ಜಿಗೆಗೆ ಕಲಸಿದರೆ ತಂಬುಳಿ. ಒಂದೆಲಗದ ತಂಬುಳಿ ಪಕ್ಕಕ್ಕೆ ನಿಲ್ಲುತ್ತದೆ, ಸುಳ್ಳಲ್ಲ.

ಎಚ್ಚರ ಮಾತ್ರ ಬೇಕು. ಅದೇ ಜಾಗದಲ್ಲಿ ಲಾರ್ಡ್ಸ್ ಅಂಡ್ ಲೇಡೀಸ್ ಅನ್ನುವ ಗಿಡ ಇರುತ್ತದೆ. ನಮ್ಮ ಕೆಸುವಿನ ಕುಟುಂಬದ್ದೇ. ಹಸಿ ಕೆಸು ತಿಂದರೆ ಗಂಟಲು ಹೇಗೆ ಕೆರೆಯುತ್ತದೋ ಅದಕ್ಕಿಂತ ಜೋರು. ಎಳೆಯದರಲ್ಲಿ ಎಲೆ ಒಂದೇ ಥರ ಕಾಣುತ್ತದೆ. ಲಿಲಿ ಆಫ್ ದಿ ವ್ಯಾಲಿ ಇನ್ನೂ ಅಪಾಯ, ಹೃದಯಕ್ಕೇ ಹೊಡೆತ. ವಾಸನೆ ನೋಡಿ ಕಿತ್ತರಾಯಿತು ಅನ್ನಬೇಡಿ. ನಾಲ್ಕು ಎಲೆ ಕಿತ್ತ ಮೇಲೆ ಕೈಯೇ ಬೆಳ್ಳುಳ್ಳಿ ಆಗಿರುತ್ತದೆ, ಆಮೇಲೆ ಮೂಗು ಸುಳ್ಳು ಹೇಳುತ್ತದೆ. ಒಂದೊಂದೇ ಎಲೆ ಕಣ್ಣಲ್ಲಿ ನೋಡಿ ಕೀಳಿ.

ಆಗುಂಬೆ ಮಳೆ · 11 ಏಪ್ರಿಲ್ 2024

ಸೊಪ್ಪಿನ ಬೆಟ್ಟದ ಮಾತಿಗೆ ಸುಮ್ಮನಾದೆ. ಆದರೆ ಬೇರೆಯವರ ಕಾಡಿನ ಸೊಪ್ಪು ಕಿತ್ತರೆ ಕಳ್ಳತನ ಆಗಲ್ವಾ?

ಕೆಂಟ್ ಕಾಲ್ನಡಿಗೆ · 12 ಏಪ್ರಿಲ್ 2024

ಆಗಲ್ಲ. ಇಂಗ್ಲೆಂಡ್, ವೇಲ್ಸ್‌ನ 1968ರ ಕಳ್ಳತನದ ಕಾಯ್ದೆಯಲ್ಲೇ ಬರೆದಿದೆ. ತಾನಾಗಿ ಬೆಳೆದ ಅಣಬೆ, ಹೂ, ಹಣ್ಣು, ಎಲೆ ಮನೆಗಂತ ಕಿತ್ತರೆ ಕಳ್ಳತನ ಅಲ್ಲ. ಮಾರಲು ಕಿತ್ತರೆ ಹೌದು. ಬೇರುಸಮೇತ ಕೀಳೋದು ಮಾತ್ರ ಮಾಲೀಕನ ಒಪ್ಪಿಗೆ ಇಲ್ಲದೆ 1981ರ ವನ್ಯಜೀವಿ ಕಾಯ್ದೆ ಪ್ರಕಾರ ತಪ್ಪು, ಯಾವ ಕಾಡುಗಿಡವೇ ಆಗಲಿ. ಕೆಲವು ಅಪರೂಪದ ಗಿಡಗಳ ಹೂ ಮುಟ್ಟುವ ಹಾಗೂ ಇಲ್ಲ. ಕೆಲವು ಸಂರಕ್ಷಿತ ಕಾಡುಗಳು ಏನನ್ನೂ ಕೀಳಬೇಡಿ ಅಂತ ಬೋರ್ಡ್ ಹಾಕಿರುತ್ತವೆ, ಅಲ್ಲಿ ಕೈ ಜೇಬಿನಲ್ಲಿರಲಿ.

ಧಾರವಾಡ ಪೇಢೆ · 13 ಏಪ್ರಿಲ್ 2024

ನಾನು ಶೆಫೀಲ್ಡ್‌ನವ. ಎಲ್ಲರೂ ದಕ್ಷಿಣದ ಹೂವಿನ ಮಾತೇ ಆಡಾಕತ್ತೀರಿ, ಸ್ವಲ್ಪ ಮೇಲೆ ಬರ್ರಿ.

"ಮಾಲೀಕ ತಡೆಯುವ ಹಾಗಿಲ್ಲ" ಅಂತ ಕೆಂಟ್ ಸರ್ ಸಲೀಸಾಗಿ ಬರೆದರು. ನಮ್ಮ ಪೀಕ್ ಡಿಸ್ಟ್ರಿಕ್ಟ್‌ನ ಕಿಂಡರ್ ಸ್ಕೌಟ್ ಬೆಟ್ಟಕ್ಕೆ ಮೊದಲು ಜನರನ್ನು ಬಿಡುತ್ತಿರಲಿಲ್ಲ. ಶ್ರೀಮಂತರು ಗ್ರೌಸ್ ಹಕ್ಕಿ ಹೊಡೆಯಲು ಕಾವಲುಗಾರರನ್ನು ಇಟ್ಟಿದ್ದರು. 1932ರ ಏಪ್ರಿಲ್ 24ರಂದು ಮ್ಯಾಂಚೆಸ್ಟರ್ ಕಡೆಯ ನೂರಾರು ಕಾರ್ಮಿಕರು ಬೇಕಂತಲೇ ಹತ್ತಿದರು. ಮುಂದೆ ನಿಂತವನು ಬೆನ್ನಿ ರಾತ್‌ಮನ್, ಆಗ ಅವನಿಗೆ ಇಪ್ಪತ್ತು ವರ್ಷ. ಐದು ಜನ ಜೈಲಿಗೆ ಹೋದರು. ಪೀಕ್ ಡಿಸ್ಟ್ರಿಕ್ಟ್ 1951ರಲ್ಲಿ ಬ್ರಿಟನ್ನಿನ ಮೊದಲ ರಾಷ್ಟ್ರೀಯ ಉದ್ಯಾನ ಆಯಿತು. ಬೆಟ್ಟ, ಬಯಲು, ಕುರುಚಲು ನೆಲದಲ್ಲಿ ದಾರಿ ಬಿಟ್ಟೂ ತಿರುಗುವ ಹಕ್ಕು ಬಂದದ್ದು 2000ದ ಕಾಯ್ದೆಯಿಂದ. ಅದೂ ಇಂಗ್ಲೆಂಡ್‌ನ ಶೇಕಡಾ 8ರಷ್ಟು ನೆಲಕ್ಕೆ ಮಾತ್ರ. ಕಾಡು, ನದಿದಂಡೆ ಹೆಚ್ಚಾಗಿ ಅದರಲ್ಲಿ ಬರೋದಿಲ್ಲ.

ಜೂನ್‌ನಲ್ಲಿ ಕಿಂಡರ್ ಮೇಲೆ ಬಂದು ನೋಡ್ರಿ. ನೆಲ ಕಪ್ಪಗೆ, ನಮ್ಮ ಎರೆ ಹೊಲದ ಬಣ್ಣ. ಅದರ ಮೇಲೆ ಕಾಟನ್‌ಗ್ರಾಸ್ ಅಂತ ಒಂದು ಹುಲ್ಲು, ತುದಿಗೆ ಬಿಳಿ ಅರಳೆ. ಮೊದಲ ಸಲ ಕಂಡಾಗ ಹತ್ತಿ ಬಿಡಿಸಲು ಆಳು ಎಲ್ಲಿ ಅಂತ ಹುಡುಕಿದೆ. ಕಾಲಿಟ್ಟೆ, ಮಂಡಿವರೆಗೆ ಇಳಿದೆ. ಅದು ಎರೆ ಮಣ್ಣಲ್ಲ, ಪೀಟ್, ಅಂದರೆ ನೀರಿನಲ್ಲಿ ಅರೆ ಕೊಳೆತು ಕೂತ ಪಾಚಿ, ಗಿಡಗಳ ಪದರ. ಒಂದು ಬೂಟು ಇನ್ನೂ ಅಲ್ಲೇ ಅದ.

ರೀಡಿಂಗ್ ಹೊಸಬ · 21 ಏಪ್ರಿಲ್ 2024

ನಿನ್ನೆ ಹೋಗಿ ಬಂದೆವು. ಎಲ್ಲರಿಗೂ ಥ್ಯಾಂಕ್ಸ್.

ಬೂಟಿನ ಮಾತು ನಿಜ. ಮೊದಲ ಹತ್ತು ನಿಮಿಷಕ್ಕೆ ಹೆಂಡತಿಯ ಶೂ ಹೋಯಿತು. ಆಮೇಲೆ ದಾರಿ ತಿರುಗಿದ ಕಡೆ ಮೊದಲು ಬಂದದ್ದು ವಾಸನೆ. ಮಲ್ಲಿಗೆಯಂತೆ ಮೂಗಿಗೆ ನುಗ್ಗಲ್ಲ. ಸೌತೆಕಾಯಿ ಹೆಚ್ಚಿದಾಗಿನ ಹಸಿವಾಸನೆಗೆ ಸ್ವಲ್ಪ ಸಿಹಿ ಸೇರಿದ ಹಾಗೆ. ಮಗಳು ದಾರಿಯ ಅಂಚಿನಲ್ಲಿ ಹೊಟ್ಟೆ ಮೇಲೆ ಮಲಗಿ ಒಂದು ಕಡ್ಡಿಯ ಗಂಟೆ ಎಣಿಸಿದಳು, ಹನ್ನೊಂದು. ತುದಿಗಳು ಹಿಂದಕ್ಕೆ ಸುರುಳಿ ಸುತ್ತಿಕೊಂಡಿದ್ದವು. ಬೆರಳಿಗೆ ಪರಾಗ ತಾಗಿಸಿಕೊಂಡು ತೋರಿಸಿದಳು, ಕೆನೆಬಣ್ಣ. ಮೇಡಂ, ಪಾಸ್.

ಈಗ ನನ್ನ ತಪ್ಪು ಹೇಳುತ್ತೇನೆ. ಊರಿಗೆ ಕಳಿಸಲು ಫೋಟೋ ಬೇಕು ಅಂತ ಮೂವರೂ ಹೂವಿನ ನಡುವೆ ಏಳೆಂಟು ಹೆಜ್ಜೆ ಒಳಗೆ ಹೋಗಿ ನಿಂತೆವು. ಎಲೆ ತುಳಿದಾಗ ಕಿರ್ ಕಿರ್ ಅಂತ ಸದ್ದು ಬಂತು. ನಾಯಿ ಹಿಡಿದುಕೊಂಡು ಬಂದ ಒಬ್ಬ ಅಜ್ಜಿ ನಿಂತರು. ರೇಗಲಿಲ್ಲ. "ತುಳಿದ ಎಲೆ ಮತ್ತೆ ಏಳಲ್ಲ" ಅಂತಷ್ಟೇ ಹೇಳಿ ಮುಂದೆ ಹೋದರು. ಹೊರಗೆ ಬಂದು ತಿರುಗಿ ನೋಡಿದರೆ ನಾವು ನಡೆದ ಜಾಗ ಮಾತ್ರ ಬಾಚಣಿಗೆಯಲ್ಲಿ ಬೈತಲೆ ತೆಗೆದ ಹಾಗೆ ಕಾಣುತ್ತಿತ್ತು. ಫೋಟೋ ಊರಿಗೆ ಕಳಿಸಲಿಲ್ಲ.

ಬಾಟನಿ ಮೇಡಂ · 21 ಏಪ್ರಿಲ್ 2024

ಅಜ್ಜಿ ಹೇಳಿದ್ದು ಸರಿ. ಹೂ ಮುರಿದರೆ ಗಿಡಕ್ಕೆ ಅಷ್ಟು ನಷ್ಟ ಇಲ್ಲ. ಎಲೆ ಜಜ್ಜಿದರೆ ಗೆಡ್ಡೆಗೆ ಊಟ ಇಲ್ಲ. ಅದಕ್ಕೆ ಸಿಗುವುದೇ ಎರಡು ಮೂರು ತಿಂಗಳ ಬಿಸಿಲು. ಮಣ್ಣೂ ಗಟ್ಟಿಯಾಗಿ ಕೂರುತ್ತದೆ. ಚೇತರಿಸಿಕೊಳ್ಳಲು ವರ್ಷಗಳು ಬೇಕು. ಬೇಸರ ಮಾಡಿಕೊಳ್ಳಬೇಡಿ, ಮುಂದಿನ ವರ್ಷ ಅದೇ ಜಾಗಕ್ಕೆ ಹೋಗಿ ನೋಡಿ ಬರೆಯಿರಿ.

ಆಗುಂಬೆ ಮಳೆ · 22 ಏಪ್ರಿಲ್ 2024

ಲಾಲ್‌ಬಾಗ್‌ನಲ್ಲಿ ಹುಲ್ಲು ತುಳಿದರೆ ಸೀಟಿ ಊದುತ್ತಾರೆ. ಇಲ್ಲಿ ಒಬ್ಬ ಅಜ್ಜಿ ಸಾಕು.

ಸಿದ್ದಾಪುರದ ಸೊಪ್ಪು · 7 ಜುಲೈ 2024

ಹಳೇ ಚರ್ಚೆ ಮೇಲೆ ತರುತ್ತಿದ್ದೇನೆ. ನಿನ್ನೆ ಹೊಳೆ ಬದಿಯ ಕಾಡಿನಲ್ಲಿ ಸ್ವಯಂಸೇವಕರ ಜೊತೆ ಕಳೆ ಕೀಳಲು ಹೋಗಿದ್ದೆ. ಕಳೆ ಯಾವುದು ಗೊತ್ತಾ? ಹಿಮಾಲಯನ್ ಬಾಲ್ಸಮ್. ನಮ್ಮ ಕರ್ಣಕುಂಡಲದ ಅಕ್ಕ ಅನ್ನಿ, ಆಳೆತ್ತರ ಬೆಳೆಯುತ್ತದೆ. 1839ರಲ್ಲಿ ಹಿಮಾಲಯದಿಂದ ತೋಟದ ಚೆಂದಕ್ಕೆ ತಂದರು. ಕಾಯಿ ಮುಟ್ಟಿದರೆ ಪಟ್ ಅಂತ ಸಿಡಿದು ಬೀಜ ಮಾರುದೂರ ಹಾರುತ್ತದೆ. ಆಮೇಲೆ ನೀರಿನಲ್ಲಿ ತೇಲಿ ಇಡೀ ಹೊಳೆಗೆ ಹಬ್ಬುತ್ತದೆ. ಚಳಿಗಾಲಕ್ಕೆ ಸತ್ತು ದಂಡೆ ಬೋಳಾಗುತ್ತದೆ, ಮಣ್ಣು ಕೊಚ್ಚಿಹೋಗುತ್ತದೆ. ಅದಕ್ಕೇ ಕಾಯಿ ಕಟ್ಟುವ ಮೊದಲೇ ಕಿತ್ತುಹಾಕಬೇಕು. ಬೇರು ಮೇಲೇ ಇರುತ್ತದೆ, ಮೂಲಂಗಿ ಕಿತ್ತ ಹಾಗೆ ಬರುತ್ತದೆ.

ಜೊತೆಗಿದ್ದ ಒಬ್ಬರು ತಮಾಷೆಗೆ "ಇದು ನಿಮ್ಮ ದೇಶದ್ದಲ್ವಾ?" ಅಂದರು. "ಕರೆಸಿಕೊಂಡವರು ನೀವೇ" ಅಂದೆ. ಆಮೇಲೆ ಇಬ್ಬರೂ ಒಂದೇ ಸಾಲಿನಲ್ಲಿ ಮಧ್ಯಾಹ್ನದವರೆಗೆ ಕಿತ್ತೆವು.

ಆಗುಂಬೆ ಮಳೆ · 27 ಅಕ್ಟೋಬರ್ 2024

ಒಂದು ತಪ್ಪೊಪ್ಪಿಗೆ. ನಿನ್ನೆ ಡಾರ್ಟ್‌ಮೂರ್‌ನ ವಿಸ್ಟ್‌ಮನ್ಸ್ ವುಡ್‌ಗೆ ಹೋಗಿದ್ದೆ. ಟೂ ಬ್ರಿಜಸ್‌ನಿಂದ ಅರ್ಧ ಗಂಟೆಯ ಬೋಳು ಗುಡ್ಡದ ನಡಿಗೆ. ಆಮೇಲೆ ಬಂಡೆಗಳ ನಡುವಿನಿಂದ ಎದ್ದ ಕುಳ್ಳ ಓಕ್ ಮರಗಳು. ಒಂದೂ ನೆಟ್ಟಗಿಲ್ಲ. ಕೊಂಬೆ ಕೊಂಬೆಗೂ ಪಾಚಿ, ಪಾಚಿಯ ಮೇಲೆ ಜರಿಗಿಡ, ತುದಿಯಿಂದ ಗಡ್ಡದ ಹಾಗೆ ಇಳಿಬಿದ್ದ ಕಲ್ಲುಹೂವು. ಮಳೆ ನಿಂತ ಮೇಲೂ ಮರ ತೊಟ್ಟಿಕ್ಕುತ್ತಿತ್ತು. ಮರ ಬೇರೆ, ಚಳಿ ಬೇರೆ. ಆದರೆ ಆ ತೊಟ್ಟಿಕ್ಕುವ ಸದ್ದು ನಮ್ಮ ಮನೆ ಹಿಂದಿನದು. ಇದಕ್ಕೆ ಸಮಶೀತೋಷ್ಣ ಮಳೆಕಾಡು ಅನ್ನುತ್ತಾರಂತೆ. ಪಾಚಿ ಹಾಳಾಗುತ್ತದೆ, ಒಳಗೆ ನಡೆಯಬೇಡಿ ಅಂತ ಕೇಳಿಕೊಂಡಿದ್ದಾರೆ. ಹೊರಗೆ ಬಂಡೆ ಮೇಲೆ ಕೂತು ಎರಡು ಗಂಟೆ ನೋಡಿದೆ.

ಸರಿ, ಇದು ಕಾಡು. ಚಿಕ್ಕದು. ಆದರೆ ಕಾಡು.

ಧಾರವಾಡ ಪೇಢೆ · 27 ಅಕ್ಟೋಬರ್ 2024

ಸ್ಕ್ರೀನ್‌ಶಾಟ್ ತೆಗೆದಿಟ್ಟೀನಿ.

ರೀಡಿಂಗ್ ಹೊಸಬ · 19 ಏಪ್ರಿಲ್ 2025

ಮೇಡಂ ಹೇಳಿದ ಹಾಗೆ ಅದೇ ಜಾಗಕ್ಕೆ ಹೋಗಿ ಬಂದೆವು. ಈ ವರ್ಷ ಬಿಸಿಲು, ಕೆಸರೇ ಇಲ್ಲ. ಹೋದ ವರ್ಷದ ಫೋಟೋ ಫೋನಿನಲ್ಲಿ ಹಿಡಿದುಕೊಂಡು, ಹಿಂದಿನ ಎರಡು ಮರ ಹೊಂದಿಸಿ ನಿಂತ ಜಾಗ ಹುಡುಕಿದೆ. ಹುಡುಕುವ ಅಗತ್ಯವೇ ಇರಲಿಲ್ಲ. ಸುತ್ತ ನೀಲಿ, ನಾವು ನಿಂತಲ್ಲಿ ಮಂಚದಷ್ಟು ಅಗಲ ಬೋಳು. ನಾಲ್ಕು ಬಡಕಲು ಎಲೆ ಇದ್ದವು, ಹೂ ಇಲ್ಲ. ದಾರಿಯಿಂದ ಅಲ್ಲಿಗೆ ಒಂದು ಸವೆದ ಕಾಲುಹಾದಿ ಕೂಡ ಆಗಿದೆ. ಮೂರು ಜನ ಒಂದು ಸಲ ನಡೆದರೆ ಅಷ್ಟು ಸವೆಯಲ್ಲ. ನಾವು ಮಾಡಿದ ಬೈತಲೆ ನೋಡಿ ಬೇರೆಯವರೂ ಫೋಟೋಗೆ ಅಲ್ಲೇ ಹೋಗಿದ್ದಾರೆ.

ಮಗಳು ಎರಡು ಒಣ ಕೊಂಬೆ ಎಳೆದು ತಂದು ಅದಕ್ಕೆ ಅಡ್ಡ ಹಾಕಿದಳು. ದಣಪೆ ಅಂತೆ. ಸಿದ್ದಾಪುರ ಅಕ್ಕ, ಆ ಪದ ನಿಮ್ಮಿಂದ ಬಂದದ್ದು.

ಇನ್ನೊಂದು ಪ್ರಶ್ನೆ. ಮೇ 10ಕ್ಕೆ ಅಮ್ಮ ಊರಿಂದ ಬರುತ್ತಾರೆ. ಆಗ ಬ್ಲೂಬೆಲ್ ಇರುತ್ತಾ? ಅಮ್ಮನಿಗೆ ಮಂಡಿ ನೋವು, ಬೇಲಿ ಮೆಟ್ಟಿಲು ಹತ್ತಲು ಆಗಲ್ಲ.

ಗ್ಲಾಸ್ಗೋ ಗೊಜ್ಜು · 19 ಏಪ್ರಿಲ್ 2025

ನಮ್ಮಲ್ಲಿಗೆ ಕರೆತನ್ನಿ. ಇಲ್ಲಿ ಎಲ್ಲ ತಡ, ಮೇ ನಡುವಿನಲ್ಲೂ ಸಿಗುತ್ತದೆ. 2003ರ ಕಾಯ್ದೆಯಿಂದಾಗಿ ಇಲ್ಲಿ ಜವಾಬ್ದಾರಿಯಿಂದ ಇದ್ದರೆ ಹೆಚ್ಚುಕಡಿಮೆ ಎಲ್ಲಾ ಕಡೆ ತಿರುಗಬಹುದು, ಕಾಡಿನಲ್ಲೂ. ಒಂದು ಗೊಂದಲ ಮಾತ್ರ. ಇಲ್ಲಿನ ಹಳಬರಿಗೆ ಬ್ಲೂಬೆಲ್ ಅಂದರೆ ಬೇರೆ ಹೂ, ದಕ್ಷಿಣದವರು ಹೇರ್‌ಬೆಲ್ ಅನ್ನೋದು. ಅದು ಅರಳೋದು ಜುಲೈ ಹೊತ್ತಿಗೆ. ಕೇಳುವಾಗ ನೋಡಿ ಕೇಳಿ.

ಕೆಂಟ್ ಕಾಲ್ನಡಿಗೆ · 20 ಏಪ್ರಿಲ್ 2025

ಈ ಬಿಸಿಲಿಗೆ ನಿಮ್ಮ ಕಡೆ ಮೇ 10ಕ್ಕೆ ಮುಗಿದಿರುತ್ತದೆ. ಅಮ್ಮನಿಗೆ ಬರ್ನಮ್ ಬೀಚಸ್ ಸರಿ. ಒಳಗೆ ಡಾಂಬರು ದಾರಿ ಇದೆ, ಕೂರಲು ಬೆಂಚಿದೆ. ದಾರಿಯುದ್ದಕ್ಕೂ ಬೇಲಿಗಳಲ್ಲಿ ಹಾಥಾರ್ನ್ ಬೆಳ್ಳಗೆ ಬಿಟ್ಟಿರುತ್ತದೆ. ಭಾನುವಾರ ಹಳ್ಳಿ ಕಡೆಯ ಬಸ್ ನಂಬಬೇಡಿ, ಶನಿವಾರ ಮಾಡಿ.

ಸಿದ್ದಾಪುರದ ಸೊಪ್ಪು · 20 ಏಪ್ರಿಲ್ 2025

ಬಸ್ ಯಾಕೆ? ಸ್ಲೌ ಸ್ಟೇಷನ್‌ಗೆ ಬನ್ನಿ, ನಾನು ಕಾರು ತರುತ್ತೇನೆ. ಮಧ್ಯಾಹ್ನ ಊಟ ನಮ್ಮಲ್ಲೇ. ಕಾಡು ಬೆಳ್ಳುಳ್ಳಿ ಸೊಪ್ಪು ಕಿತ್ತು ಫ್ರೀಜರ್‌ನಲ್ಲಿ ಇಟ್ಟಿದ್ದೇನೆ. ಅಮ್ಮ ತಂಬುಳಿ ಊಟ ಮಾಡ್ತಾರಲ್ವಾ?

ರೀಡಿಂಗ್ ಹೊಸಬ · 20 ಏಪ್ರಿಲ್ 2025

ತಂಬುಳಿ ಅಂದರೆ ಪ್ರಾಣ ಅಕ್ಕ. ಆದರೆ ಬೆಳ್ಳುಳ್ಳಿ ತಿನ್ನಲ್ಲ.